ಐದು ಎಲೆಗಳ ಸಭೆಯೂ ನೀಲವ್ವನ ಮರಿಗಳೂ

ಮಕ್ಕಳೇ, ಒಂದು ಕುರುಚಲು ಕಾಡಿನ ಅಂಚಿನಲ್ಲಿ ಆಪಿನ ಕೆರೆ ಎಂಬ ಕೆರೆಯಿತ್ತು. ದಡದ ತುಂಬ ಆಪು ಎಂಬ ಎತ್ತರದ ನೀರುಹುಲ್ಲು ಬೆಳೆದಿದ್ದರಿಂದ ಅದಕ್ಕೆ ಆ ಹೆಸರು. ಕೆರೆಯ ದಕ್ಷಿಣಕ್ಕೆ ಮಣ್ಣಿನ ಏರಿ. ಏರಿಯ ಬುಡದಲ್ಲಿ ನೀರು ಹೊರಗೆ ಬಿಡುವ ತೂಬು. ಕೆರೆಯ ನಟ್ಟನಡುವೆ ಒಂದು ಹಾಸುಬಂಡೆ. ಇಷ್ಟು ನೆನಪಿದ್ದರೆ ಸಾಕು.

ಆ ಕೆರೆಯಲ್ಲಿ ನಾಮದ ಕೋಳಿಗಳು ವಾಸವಾಗಿದ್ದವು. ಮೈಯೆಲ್ಲ ಕಪ್ಪು, ಹಣೆಯ ಮೇಲೆ ಬಿಳಿಯ ನಾಮ. ಒಟ್ಟು ನೂರ ಹನ್ನೆರಡು ಗೂಡು. ಬೇಸಿಗೆಯಲ್ಲಿ ನೀರು ಕುಗ್ಗಿದಾಗ ಯಾವ ಗೂಡಿನವರು ಎಲ್ಲಿ ಮೇಯಬೇಕು ಎಂಬುದನ್ನು ಅವರ ಮುದಿ ಯಜಮಾನ ಹಂಚಿಕೊಡುತ್ತಿದ್ದ. ಹಂಚಿಕೆ ಎಲ್ಲರಿಗೂ ಹಿಡಿಸುತ್ತಿತ್ತು ಎಂದು ನಾನು ಹೇಳಲಾರೆ. ಗೊಣಗುವವರು ಗೊಣಗುತ್ತಿದ್ದರು. ಆದರೆ ಯಾರೂ ಯಾರನ್ನೂ ಕುಕ್ಕುತ್ತಿರಲಿಲ್ಲ.

ಆ ವರ್ಷ ಬೇಸಿಗೆಯ ಮೊದಲಲ್ಲೇ ಯಜಮಾನ ತೀರಿಕೊಂಡ. ಅವನ ತಮ್ಮಂದಿರ ಮಕ್ಕಳಿಬ್ಬರು ಮುಂದೆ ಬಂದರು. ಒಬ್ಬ ಮೂಡಣ ದಡದವನು, ಇನ್ನೊಬ್ಬ ಪಡುವಣ ದಡದವನು.

"ವಯಸ್ಸಿನಲ್ಲಿ ಹಿರಿಯ ನಾನು. ಯಜಮಾನಿಕೆ ನನ್ನದು," ಎಂದ ಮೂಡಣದವನು.

"ದೊಡ್ಡಪ್ಪ ಕಣ್ಣು ಮುಚ್ಚಿದ್ದು ನನ್ನ ಗೂಡಿನಲ್ಲಿ. ಅವನ ಬಾಯಿಗೆ ನೀರು ಬಿಟ್ಟವನು ನಾನು," ಎಂದ ಪಡುವಣದವನು.

"ನೀನು ಬಿಟ್ಟ ನೀರಿಗೇ ಸತ್ತನೋ ಏನೋ!"

ಇಷ್ಟು ಸಾಕಾಯಿತು. ಮೂರನೆಯ ದಿನ ಕೆರೆ ಎರಡು ಹೋಳಾಯಿತು. ಮೂಡಣದವರು ಕೊಕ್ಕಿನಲ್ಲಿ ಜಾಲಿಮುಳ್ಳು ಹಿಡಿದು ಬಂದರು. ಪಡುವಣದವರ ಪರವಾಗಿ ಆಕಾಶದಿಂದ ಕಲ್ಲು ಬಿದ್ದವು. ನೀರುಕೋಳಿಗೆ ಜಾಲಿಮರ ಹತ್ತಲು ಬರುತ್ತದೆಯೇ? ಕಲ್ಲು ಹೊತ್ತು ಹಾರಲು ಬರುತ್ತದೆಯೇ? ಮುಳ್ಳು ತಂದುಕೊಟ್ಟವರು ಯಾರು, ಕಲ್ಲು ಹಾಕಿದವರು ಯಾರು ಎಂಬುದನ್ನು ಮುಂದೆ ಹೇಳುತ್ತೇನೆ.

ಎರಡು ಕಡೆಗೂ ಸೇರದೆ ಕೆರೆಯ ನಡುವಿನ ಆಪಿನಲ್ಲಿ ಹತ್ತೊಂಬತ್ತು ಸಂಸಾರಗಳಿದ್ದವು. ಹೊಡೆದಾಟ ನಡೆದದ್ದು ಅವರ ಗೂಡುಗಳ ಮೇಲೆಯೇ. ಗೂಡು ಮುಳುಗಿದವು, ಮೊಟ್ಟೆ ಒಡೆದವು. ತಾಯಂದಿರು ಉಳಿದ ಮರಿಗಳನ್ನು ಕಟ್ಟಿಕೊಂಡು ಹಾಸುಬಂಡೆ ಹತ್ತಿದರು. ಹತ್ತೊಂಬತ್ತು ತಾಯಂದಿರು, ನಲವತ್ತಮೂರು ಮರಿಗಳು. ಅವರಲ್ಲಿ ನೀಲವ್ವ ಎಂಬವಳಿಗೆ ಐದು ಮರಿ. ಇನ್ನೂ ರೆಕ್ಕೆ ಬಾರದ, ತಲೆಯ ಮೇಲೆ ಕೆಂಪು ನವಿರಿನ ಪುಟ್ಟ ಮರಿಗಳು.

ಮರುದಿನ ನೀಲವ್ವ ಪಾಚಿ ತರಲೆಂದು ಮೂಡಣಕ್ಕೆ ಈಜಿದಳು.

"ನಿಲ್ಲು! ನೀನು ಯಾರ ಕಡೆ?"

"ನಾನು ನನ್ನ ಮರಿಗಳ ಕಡೆ ಕಣಪ್ಪ."

"ಅಂಥ ಕಡೆ ಯಾವುದೂ ಇಲ್ಲ," ಎಂದು ಅವರು ಮುಳ್ಳು ತೋರಿಸಿ ಅಟ್ಟಿದರು.

ಪಡುವಣಕ್ಕೆ ಹೋದಳು. ಅಲ್ಲಿಯೂ ಅದೇ ಪ್ರಶ್ನೆ, ಅದೇ ಉತ್ತರ, ಮುಳ್ಳಿನ ಬದಲು ಕಲ್ಲು. ತಾಯಂದಿರು ಹಾರಿಹೋಗಬಹುದಿತ್ತು. ಮರಿಗಳು ಹಾರಲಾರವು, ಈಜಿದರೆ ಮುಳ್ಳು ಕಲ್ಲುಗಳ ನಡುವೆಯೇ ಈಜಬೇಕು. ಆದ್ದರಿಂದ ಯಾರೂ ಹೋಗಲಿಲ್ಲ. ಬಂಡೆಯ ಅಂಚಿಗೆ ನೀರು ತಾಗುವಲ್ಲಿ ಸ್ವಲ್ಪ ಪಾಚಿಯಿತ್ತು. ಅದನ್ನೇ ಕೆರೆದು ಕೆರೆದು ಮರಿಗಳ ಬಾಯಿಗಿಟ್ಟರು.

ಈಗ ಸಭೆಯ ವಿಷಯ ಹೇಳಬೇಕು.

ಆ ಕಾಡಿನಲ್ಲಿ ಏನಾದರೂ ಕಷ್ಟ ಬಂದರೆ ಇಪ್ಪೆ ಮರದ ಕೆಳಗೆ ಐವರು ಸೇರುತ್ತಿದ್ದರು. ಅಧ್ಯಕ್ಷರು ಕಡವೆರಾಯರು, ದೊಡ್ಡ ಕೊಂಬಿನವರು, ಮೆಲ್ಲಗೆ ಮಾತಾಡುವವರು. ಉಳಿದ ನಾಲ್ವರು ನೀರುನಾಯಿ, ಹದ್ದು, ಕರಡಿ ಮತ್ತು ಎಮ್ಮೆಯಕ್ಕ. ಸಭೆಗೆ ಒಂದು ಪದ್ಧತಿಯಿತ್ತು. ಮಾತು ಮುಗಿದ ಮೇಲೆ ಐವರೂ ಒಂದೊಂದು ಮುತ್ತುಗದ ಎಲೆಯನ್ನು ಚಪ್ಪಡಿಯ ಮೇಲೆ ಇಡಬೇಕು. ಒಪ್ಪಿಗೆಯಿದ್ದರೆ ಹಸಿರು ಮೇಲೆ. ಇಲ್ಲದಿದ್ದರೆ ಎಲೆಯನ್ನು ಮಗುಚಿ ಬೂದು ಬೆನ್ನು ಮೇಲೆ. ಐದೂ ಹಸಿರಾದರೆ ಮಾತ್ರ ಕೆಲಸ ನಡೆಯುತ್ತಿತ್ತು. ಒಂದೇ ಒಂದು ಎಲೆ ಮಗುಚಿದರೂ ಮಾತು ಅಲ್ಲಿಗೇ ಮುಗಿಯಿತು, ಮತ್ತೆ ಸೇರುವುದು ಮೂರು ದಿನಗಳ ನಂತರ. ಪದ್ಧತಿಯನ್ನು ಹಿರಿಯರು ಒಳ್ಳೆಯ ಉದ್ದೇಶದಿಂದಲೇ ಮಾಡಿದ್ದರು. ಬಲವಿದ್ದವನು ಬಲವಿಲ್ಲದವನ ಮೇಲೆ ಏರಿಹೋಗಬಾರದು ಎಂದು.

ಬಂಡೆಯಿಂದ ಸುದ್ದಿ ತಂದದ್ದು ಬೆಳ್ಳಕ್ಕಿ. ಅದು ಯಾವ ಕಡೆಯದೂ ಅಲ್ಲ, ಎಲ್ಲಿ ಬೇಕಾದರೂ ಹಾರಬಲ್ಲದು.

"ರಾಯರೇ, ಬಂಡೆಯ ಮೇಲೆ ನಲವತ್ತಮೂರು ಮರಿಗಳಿವೆ. ನೆರಳಿಲ್ಲ, ಮೇವಿಲ್ಲ. ಯಾರಾದರೂ ಹೋಗಿ ಅವನ್ನು ಇಳಿಸಿ ತರಬೇಕು," ಎಂದಿತು ಬೆಳ್ಳಕ್ಕಿ.

"ಅಯ್ಯೋ ಪಾಪ," ಎಂದರು ಐವರೂ. ಅದರಲ್ಲಿ ಭಿನ್ನಾಭಿಪ್ರಾಯವಿರಲಿಲ್ಲ.

ಎಲೆ ಇಟ್ಟರು. ಹಸಿರು, ಹಸಿರು, ಹಸಿರು, ಹಸಿರು. ನೀರುನಾಯಿ ಮಾತ್ರ ತನ್ನ ಎಲೆಯನ್ನು ಮಗುಚಿತು.

"ಅದು ಅವರ ಮನೆಯೊಳಗಿನ ಜಗಳ. ಹೊರಗಿನವರು ಕಾಲಿಡುವುದು ಮರ್ಯಾದೆಯಲ್ಲ," ಎಂದಿತು.

"ನಿನಗೆ ಮರ್ಯಾದೆಯ ಚಿಂತೆ ಯಾವಾಗ ಶುರುವಾಯಿತಪ್ಪ?" ಎಂದು ಹದ್ದು ಚುಚ್ಚಿತು.

ನೀರುನಾಯಿಯ ಚಿಂತೆ ಏಡಿಗಳದ್ದು. ತೂಬಿನ ಬಳಿಯ ಏಡಿಬಿಲಗಳನ್ನು ಮೂಡಣದವರು ಅದಕ್ಕೆ ಬಿಟ್ಟುಕೊಟ್ಟಿದ್ದರು. ಅದಕ್ಕೆ ಬದಲಾಗಿ ಜಾಲಿಮುಳ್ಳು ತಂದುಕೊಡುತ್ತಿದ್ದುದು ನೀರುನಾಯಿಯೇ. ಅಷ್ಟೇ ಅಲ್ಲ, ಆ ವಾರ ಇನ್ನೊಂದು ಕೆಲಸವೂ ಅದರ ಕೈಯಿಂದ ಆಯಿತು. ಪಡುವಣದವರ ಕಡೆ ನೀರಿನ ಆಳ ಕಡಿಮೆ. ಕೆರೆಯ ನೀರು ಇಳಿದರೆ ಅವರು ಕೆಸರಿನಲ್ಲಿ ಸಿಕ್ಕಿಬೀಳುತ್ತಾರೆ ಎಂದು ಮೂಡಣದ ಯಜಮಾನ ಲೆಕ್ಕ ಹಾಕಿದ. ನೀರುನಾಯಿ ತೂಬಿನ ಬಾಯಿಗೆ ಮೆತ್ತಿದ್ದ ಜೇಡಿಮಣ್ಣನ್ನು ಕಿತ್ತು ಹಾಕಿತು. ಅಂದಿನಿಂದ ಕೆರೆ ದಿನಕ್ಕೊಂದು ಗೇಣು ಇಳಿಯತೊಡಗಿತು.

ಮೂರು ದಿನ ಕಳೆದ ಮೇಲೆ ಮತ್ತೆ ಸಭೆ.

"ನಿನ್ನೆ ನಾಲ್ಕು ಮರಿ ಬಿಸಿಲಿಗೆ ಹೋದವು. ಒಂದು ನೀಲವ್ವನದು," ಎಂದಿತು ಬೆಳ್ಳಕ್ಕಿ. "ಬಂಡೆಯ ಅಂಚಿನಲ್ಲಿ ಈಗ ಪಾಚಿಯೂ ಇಲ್ಲ, ನೀರು ಕೆಳಗಿಳಿದಿದೆ. ಉತ್ತರದ ಕಡೆ ಬರೀ ಕೆಸರು. ಕೆಸರು ಒಣಗಿದರೆ ನರಿ ನಡೆದುಕೊಂಡೇ ಬರುತ್ತದೆ. ಇವತ್ತೇ ಬಂದು ಮುಂಗಾಲಿಟ್ಟು ನೋಡಿ ಹೋಯಿತು."

"ಹಾಗಾದರೆ ಮೊದಲು ಹೊಡೆದಾಟ ನಿಲ್ಲಬೇಕು," ಎಂದರು ಕಡವೆರಾಯರು. "ಮುಳ್ಳು ತರುವುದೂ ಕಲ್ಲು ಹಾಕುವುದೂ ನಿಲ್ಲಲಿ ಎಂದು ಎಲೆ ಇಡೋಣ."

ಈ ಸಲ ನೀರುನಾಯಿ ತಲೆ ತಗ್ಗಿಸಿಕೊಂಡು ಹಸಿರನ್ನೇ ಇಟ್ಟಿತು. ಎಲೆ ಮಗುಚಿದ್ದು ಹದ್ದು. ಕಲ್ಲು ಹೊತ್ತು ಹಾರುತ್ತಿದ್ದುದು ಅದೇ. ಪಡುವಣ ದಡದ ಮೀನುಗಳ ಮೇಲೆ ಯಾರೂ ಕಣ್ಣು ಹಾಕದಂತೆ ಅಲ್ಲಿಯ ಯಜಮಾನ ಅದಕ್ಕೆ ಮಾತು ಕೊಟ್ಟಿದ್ದ.

"ಕಲ್ಲು ತಾನಾಗಿ ಬೀಳುತ್ತದೆ. ಬೀಳುವುದು ಕಲ್ಲಿನ ಗುಣ," ಎಂದಿತು ಹದ್ದು.

"ಹೌದಣ್ಣ, ನಿನ್ನ ಕಾಲುಗುರಿನಿಂದ ತಾನಾಗಿ ಬೀಳುತ್ತದೆ," ಎಂದಿತು ನೀರುನಾಯಿ.

ಎರಡೂ ಹೀಗೆ ಒಂದನ್ನೊಂದು ಕೆಣಕುತ್ತಿರುವಾಗ ಸಭೆ ಮುಗಿಯಿತು.

ಕರಡಿ ಒಳ್ಳೆಯವನು. ಅವನಿಗೆ ಕೂತಿರಲು ಆಗಲಿಲ್ಲ. ಒಂದು ದೊಡ್ಡ ಜೇನುಹಟ್ಟಿಯನ್ನು ಮರದ ಕೊರಡಿನ ಮೇಲಿಟ್ಟು ನೀರಿಗೆ ತೇಲಿಬಿಟ್ಟ. ಮೂಡಣದವರು ಕೊರಡನ್ನು ತಡೆದು, "ತಪಾಸಣೆ" ಎಂದು ಅರ್ಧ ತಿಂದರು. ಪಡುವಣದವರೂ ತಪಾಸಣೆ ಮಾಡಿದರು. ಬಂಡೆಗೆ ತಲುಪಿದ್ದು ಬರೀ ಮೇಣ. ಮರಿಗಳ ಕೊಕ್ಕು ಅಂಟಿಕೊಂಡು ಬಾಯಿ ಬಿಡಲಾರದಾದವು, ಮೇಲೆ ಇರುವೆ ಮುತ್ತಿದವು. ತಾಯಂದಿರಿಗೆ ಒಂದು ದಿನವೆಲ್ಲ ಅದನ್ನು ಬಿಡಿಸುವ ಕೆಲಸ. ಕರಡಿ ಮಾತ್ರ ಕಾಡಿನ ತುಂಬ, "ನಾನಂತೂ ಕೊಟ್ಟೆ," ಎಂದು ಹೇಳಿಕೊಂಡು ತಿರುಗಿದ. ನಾಮದ ಕೋಳಿ ಏನು ತಿನ್ನುತ್ತದೆ ಎಂದು ಅವನು ಯಾರನ್ನೂ ಕೇಳಿರಲಿಲ್ಲ.

ತಾಯಂದಿರು ಬಂಡೆ ಹತ್ತಿದ ಒಂಬತ್ತನೆಯ ದಿನ ಮೂರನೆಯ ಸಭೆ. ಈ ಸಲ ಹೇಗಾದರೂ ಐದೂ ಹಸಿರಾಗಲೇಬೇಕು ಎಂದು ಕಡವೆರಾಯರು ಹಟ ಹಿಡಿದರು. ತಾವೇ ಒಂದು ನಿರ್ಣಯ ಹೇಳಿದರು.

"ತೂಬು ಒಡೆದು, ಮುಳ್ಳು ಕಲ್ಲುಗಳಿಂದ ಹೊಡೆದು, ಬಂಡೆಯ ಮೇಲಿನ ಮರಿಗಳನ್ನು ಹಸಿವಿನಿಂದ ಕೊಲ್ಲುತ್ತಿರುವ ಎರಡೂ ಕಡೆಯವರನ್ನು ಈ ಸಭೆ ಖಂಡಿಸುತ್ತದೆ. ಮರಿಗಳನ್ನು ನಾಳೆಯೇ ಇಳಿಸಿ ತರಬೇಕು."

"ತೂಬಿನ ಮಾತು ಬೇಡ," ಎಂದಿತು ನೀರುನಾಯಿ. ತೂಬು ಹೋಯಿತು.

"ಹಾಗಾದರೆ ಕಲ್ಲೂ ಬೇಡ," ಎಂದಿತು ಹದ್ದು. ಕಲ್ಲು ಹೋಯಿತು, ಅದರ ಜೊತೆ ಮುಳ್ಳೂ ಹೋಯಿತು.

"ಕೊಲ್ಲುವುದು ಎಂದರೆ ಯಾರೋ ಕೊಂದಹಾಗೆ ಕೇಳಿಸುತ್ತದೆ," ಎಂದಿತು ನೀರುನಾಯಿ.

"ಖಂಡಿಸುವುದು ತುಸು ಜಾಸ್ತಿಯಾಯಿತು," ಎಂದಿತು ಹದ್ದು. ಇಬ್ಬರೂ ಒಬ್ಬರ ಮಾತಿಗೆ ಒಬ್ಬರು ತಲೆದೂಗಿದ್ದು ಅದೇ ಮೊದಲು.

"ನಾಳೆ ಎಂದು ದಿನ ಗೊತ್ತುಮಾಡುವುದು ಸರಿಯೇ?"

"ಬಂಡೆ ಯಾವ ಕಡೆಗೆ ಸೇರಿದ್ದು ಎಂಬುದೇ ತೀರ್ಮಾನವಾಗಿಲ್ಲವಲ್ಲ!"

ಮಧ್ಯಾಹ್ನದವರೆಗೆ ಒಂದೊಂದೇ ಮಾತು ಕಳಚಿ ಕೊನೆಗೆ ಉಳಿದದ್ದು ಇದು: "ಕೆರೆಯಲ್ಲಿ ಏನೋ ಆಗಿದೆ ಎಂದು ಕೇಳಿ ನಮಗೆ ಬೇಸರವಾಗಿದೆ."

ಐದೂ ಎಲೆ ಹಸಿರಾಗಿ ಬಿದ್ದವು. ಕಡವೆರಾಯರ ಕಣ್ಣಲ್ಲಿ ನೀರು ಬಂತು. "ಒಮ್ಮತ! ಒಮ್ಮತ!" ಎಂದು ಎಲ್ಲರೂ ನೆಲ ಬಡಿದರು. ಎಮ್ಮೆಯಕ್ಕನೂ ಬಡಿದಳು. ನಿರ್ಣಯವನ್ನು ಬಂಡೆಗೆ ಮುಟ್ಟಿಸುವ ಕೆಲಸ ಬೆಳ್ಳಕ್ಕಿಗೆ ಬಂತು.

ಬಂಡೆಯ ಮೇಲೆ ತಾಯಂದಿರು ರೆಕ್ಕೆ ಬಿಡಿಸಿ ಮರಿಗಳಿಗೆ ನೆರಳು ಮಾಡಿ ನಿಂತಿದ್ದರು. ಬೆಳ್ಳಕ್ಕಿ ನಿರ್ಣಯವನ್ನು ಒಪ್ಪಿಸಿತು. ನೀಲವ್ವ ಗಮನವಿಟ್ಟು ಕೇಳಿದಳು.

"ಇನ್ನೊಮ್ಮೆ ಹೇಳವ್ವ."

ಬೆಳ್ಳಕ್ಕಿ ಇನ್ನೊಮ್ಮೆ ಹೇಳಿತು.

"ಇದನ್ನು ನೆನೆಸಿ ತಿನ್ನಿಸುವುದೋ, ಹಾಗೇ ತಿನ್ನಿಸುವುದೋ?" ಎಂದು ಕೇಳಿದಳು ನೀಲವ್ವ.

ಬೆಳ್ಳಕ್ಕಿ ಕತ್ತು ಕುಗ್ಗಿಸಿ ಬಂಡೆಯ ಅಂಚಿಗೆ ಸರಿಯಿತು.

"ನಿನ್ನ ಮೇಲೆ ಸಿಟ್ಟಿಲ್ಲ. ನೀನಾದರೂ ದಿನಾ ಬರುತ್ತೀ," ಎಂದಳು ನೀಲವ್ವ. "ಈ ಬೆಳಗ್ಗೆ ನನ್ನ ಎರಡನೆಯದೂ ಹೋಯಿತು. ಮೂರು ಉಳಿದಿವೆ. ಅಲ್ಲಿ ನೋಡು, ನರಿ ಮೊಣಕಾಲಿನವರೆಗೆ ಕೆಸರಿಗಿಳಿದು ವಾಪಸ್ಸು ಹೋಯಿತು. ನಾಳೆ ಬಿಸಿಲಿಗೆ ಕೆಸರು ಇನ್ನಷ್ಟು ಗಟ್ಟಿಯಾಗುತ್ತದೆ. ನಿಮ್ಮ ಸಭೆ ಮತ್ತೆ ಯಾವಾಗ?"

"ಮೂರು ದಿನ ಬಿಟ್ಟು."

"ಹಾಗಾದರೆ ಬೇಸರವನ್ನು ಆಗ ಇನ್ನಷ್ಟು ಕಳಿಸಬೇಕಾಗುತ್ತದೆ."

ಹತ್ತನೆಯ ದಿನ ಮಧ್ಯಾಹ್ನ ಎಮ್ಮೆಯಕ್ಕ ಎಂದಿನಂತೆ ಏರಿಯಿಳಿದು ನೀರಿಗೆ ಬಂದಳು. ಅವಳಿಗೆ ಬಿಸಿಲು ಏರಿದಾಗ ಮೈ ತೋಯಲೇಬೇಕು. ಹುಟ್ಟಿದಾಗಿನಿಂದ ತಪ್ಪದ ಅಭ್ಯಾಸ. ಬೆಳ್ಳಕ್ಕಿ ಬಂದು ಅವಳ ಬೆನ್ನ ಮೇಲೆ ಕುಳಿತಿತು. ಆದರೆ ಹುಳ ಹೆಕ್ಕಲಿಲ್ಲ.

"ಏನೇ, ಇವತ್ತು ಬಾಯಿಗೆ ಬೀಗ?"

"ಅಕ್ಕಾ, ಒಂದು ಮಾತು ಕೇಳಲೇ?"

"ಕೇಳು."

"ಮೂರು ಸಭೆಯಲ್ಲೂ ನೀನು ಯಾವ ಎಲೆ ಇಟ್ಟೆ?"

"ಹಸಿರು," ಎಂದಳು ಎಮ್ಮೆಯಕ್ಕ ಹೆಮ್ಮೆಯಿಂದ. "ಮೂರು ಸಲವೂ ಹಸಿರೇ. ಯಾರನ್ನು ಬೇಕಾದರೂ ಕೇಳು. ನನ್ನ ಮೇಲೆ ಬೆರಳು ತೋರಿಸುವಂತಿಲ್ಲ."

"ಯಾರೂ ತೋರಿಸುತ್ತಿಲ್ಲ. ಈಗ ನೀನು ನಿಂತಿರುವುದು ಎಲ್ಲಿ?"

"ನೀರಿನಲ್ಲಿ."

"ಇಲ್ಲಿಗೆ ಇಳಿಯಲು ಯಾರ ಎಲೆ ಕೇಳಿದೆ?"

ಎಮ್ಮೆಯಕ್ಕ ಮೆಲುಕು ಹಾಕುವುದನ್ನು ನಿಲ್ಲಿಸಿದಳು. ಎಮ್ಮೆಗಳು ನಿಧಾನ ಎಂದು ಜನ ಹೇಳುತ್ತಾರೆ. ನಿಧಾನವೇ ಸರಿ. ಆದರೆ ಒಮ್ಮೆ ತಲೆಗೆ ಹೋದದ್ದು ಹೋಯಿತು. ಅವಳು ಬಂಡೆಯ ಕಡೆ ನೋಡಿದಳು. ನೀರು ಹೊಟ್ಟೆಯ ಮಟ್ಟಕ್ಕಿತ್ತು. ಅಲ್ಲಿಯವರೆಗೆ ನಡೆಯಲು ಒಂದು ಗಳಿಗೆಯೂ ಬೇಡ. ಹತ್ತು ದಿನದಿಂದಲೂ ಬೇಡವಾಗಿತ್ತು; ನೀರು ಆಳವಿದ್ದಾಗ ಈಜಲೂ ಅವಳಿಗೆ ಬರುತ್ತಿತ್ತು.

"ಅಯ್ಯೋ, ನನ್ನ ಬುದ್ಧಿಗಿಷ್ಟು ಮಣ್ಣು ಹಾಕ!" ಎಂದಳು. "ಬೆನ್ನ ಮೇಲೆ ಕೂರಬೇಡ, ಕೊಂಬಿನ ಮೇಲೆ ಕೂತು ದಾರಿ ಹೇಳು."

ಹೋಗುವಾಗಲೇ ನೀರಿನ ಪಾಚಿ, ಜೊಂಡು, ಬಸವನಹುಳುಗಳೆಲ್ಲ ಅವಳ ಕೊಂಬಿಗೆ ಸುತ್ತಿಕೊಂಡವು. ನಡುದಾರಿಯಲ್ಲಿ ಎರಡು ಕಡೆಯವರೂ ಅಡ್ಡ ಬಂದರು.

"ನಿಲ್ಲು! ನೀನು ಯಾರ ಕಡೆ?"

"ನಿಮ್ಮಜ್ಜ ಮೊಟ್ಟೆಯಲ್ಲಿದ್ದಾಗಿನಿಂದ ನಾನು ಇಲ್ಲಿ ಮೈ ತೋಯಿಸುತ್ತಿದ್ದೇನೆ. ಸರಿಯಿರೋ, ಕಾಲಿಗೆ ಸಿಕ್ಕೀರಿ."

ಮೂಡಣದವರು ಮುಳ್ಳು ಚುಚ್ಚಿದರು. ಮೇಲಿನಿಂದ ಹದ್ದಿನ ಒಂದು ಕಲ್ಲು ಅವಳ ಬೆನ್ನಿಗೆ ಬಿತ್ತು. ನೋವಾಗಲಿಲ್ಲ ಎಂದರೆ ಸುಳ್ಳು. ಎಮ್ಮೆಯ ಚರ್ಮ ದಪ್ಪ, ಕಬ್ಬಿಣವಲ್ಲ. ಅವಳು ನಿಲ್ಲಲಿಲ್ಲ, ಅಷ್ಟೆ.

ಬಂಡೆಯ ಬಳಿ ಹೋಗಿ ಬೆನ್ನು ಒಡ್ಡಿ ನಿಂತಳು. ಮರಿಗಳು ಮೊದಲು ಅವಳ ಕೊಂಬಿಗೆ ಬಿದ್ದವು, ಪಾಚಿಗಾಗಿ. ಆಮೇಲೆ ಬೆನ್ನ ಮೇಲೆ ಸಲಕ್ಕೆ ಎಂಟು ಮರಿ ಹತ್ತಿಸಿದರು. ತಾಯಂದಿರು ಅವಳ ಹೊಟ್ಟೆಯ ಮಗ್ಗುಲಿಗೆ ಅಂಟಿಕೊಂಡು ಈಜಿದರು. ಒಂದು ಸಲ, ಎರಡು ಸಲ, ಮೂರು ಸಲ ಮರಿಗಳನ್ನು ಏರಿಯ ದಡಕ್ಕೆ ಇಳಿಸಿ ಬಂದಳು. ಎಲ್ಲರಿಗಿಂತ ಪುಟ್ಟ ಮರಿಗಳು ಮೊದಲು ಹೋಗಲಿ ಎಂದು ನೀಲವ್ವ ತನ್ನ ಮೂರನ್ನೂ ಬೇರೆಯವರ ನಾಲ್ಕನ್ನೂ ಹಿಂದೆ ಉಳಿಸಿಕೊಂಡಳು; ಉಳಿದ ತಾಯಂದಿರು ದಡದಲ್ಲಿ ಇಳಿದ ಮರಿಗಳನ್ನು ಕಾಯುತ್ತಿದ್ದರು.

ನಾಲ್ಕನೆಯ ಸಲ ಎಮ್ಮೆಯಕ್ಕ ನೀರಿಗಿಳಿದಾಗ ಉತ್ತರದ ಕೆಸರಿನಲ್ಲಿ ನರಿ ನಡೆದು ಬರುತ್ತಿತ್ತು. ಕೆಸರು ತಡೆಯುತ್ತಿತ್ತು. ಅದು ಅವಸರ ಮಾಡಲಿಲ್ಲ. ಬಂಡೆ ಹತ್ತಿ ಮೈ ಕೊಡವಿಕೊಂಡಿತು.

"ನೀಲವ್ವ, ನೀನು ಹಾರಿಹೋಗು. ನಿನ್ನ ಮೇಲೆ ನನಗೆ ದ್ವೇಷವಿಲ್ಲ," ಎಂದಿತು ನರಿ.

"ನಿನಗೂ ಹಸಿವು, ಗೊತ್ತು," ಎಂದಳು ನೀಲವ್ವ. ಉಳಿದ ಏಳು ಮರಿಗಳನ್ನು ಬೆನ್ನ ಹಿಂದೆ ಹಾಕಿಕೊಂಡು ಎರಡು ರೆಕ್ಕೆಯನ್ನೂ ಅಗಲಿಸಿದಳು. ಅವಳು ನರಿಯ ತಲೆಯಷ್ಟು ದೊಡ್ಡವಳೂ ಅಲ್ಲ. ನರಿ ಒಂದು ಹೆಜ್ಜೆ ಇಟ್ಟಿತು. ಅವಳು ಅದರ ಮೂಗಿಗೆ ಕುಕ್ಕಿದಳು. ನರಿ ಇನ್ನೊಂದು ಹೆಜ್ಜೆ ಇಟ್ಟು ಅವಳ ರೆಕ್ಕೆ ಹಿಡಿಯಿತು.

ಅಷ್ಟರಲ್ಲಿ ಬಂಡೆಯ ಅಂಚಿನಿಂದ ಎರಡು ಕೊಂಬು ಮೇಲೆದ್ದವು. ಎಮ್ಮೆಯಕ್ಕ ಕೂಗಾಡಲಿಲ್ಲ. ತಲೆ ತಗ್ಗಿಸಿ ಒಮ್ಮೆ ಬೀಸಿದಳು. ನರಿ ಕೆಸರಿಗೆ ಬಿದ್ದು, ಎದ್ದು, ಬಂದ ದಾರಿ ಹಿಡಿಯಿತು. ನೀಲವ್ವನ ಒಂದು ರೆಕ್ಕೆ ಮುರಿದಿತ್ತು. ಮರಿಗಳು ಏಳೂ ಇದ್ದವು.

ಏರಿಯ ಮೇಲೆ ಸಭೆಯವರು ನೆರೆದಿದ್ದರು.

"ಅಕ್ಕಾ, ಎಲೆ ಇಡದೆ ಹೋಗಿದ್ದೀರಿ! ಇದು ಪದ್ಧತಿಯಲ್ಲ!" ಎಂದರು ಕಡವೆರಾಯರು.

"ಸ್ವಲ್ಪ ಪಕ್ಕಕ್ಕೆ ನಿಲ್ಲಿ ರಾಯರೇ, ಮರಿಗಳು ಇಳಿಯಬೇಕು," ಎಂದಳು ಎಮ್ಮೆಯಕ್ಕ.

ಕರಡಿ ಓಡಿಬಂದ. ಈ ಸಲ ಅವನ ಕೈ ಖಾಲಿಯಿತ್ತು. "ನೀಲವ್ವ, ಏನು ತರಲಿ?"

"ಈಗ ಕೇಳಿದೆಯಲ್ಲ, ಒಳ್ಳೆಯದಾಯಿತು," ಎಂದಳು ನೀಲವ್ವ. "ಜೇನು ಬೇಡ ಅಣ್ಣ. ನೆರಳಿಗೆ ಸೊಪ್ಪು ತಾ, ಆಮೇಲೆ ಪಾಚಿ."

ತೂಬಿನಿಂದ ಹರಿದುಹೋದ ನೀರು ಏರಿಯ ಆಚೆಯ ತಗ್ಗಿನಲ್ಲಿ ನಿಂತು ಒಂದು ಹೊಂಡವಾಗಿತ್ತು. ಸಂಸಾರಗಳು ಅಲ್ಲಿ ಇಳಿದವು. ಎಮ್ಮೆಯಕ್ಕ ಹೊಂಡದ ಬಾಯಿಗೆ ಅಡ್ಡ ಮಲಗಿದಳು. ಮರುದಿನದಿಂದ ಅವಳು ಅಲ್ಲಿಯೇ ಮೈ ತೋಯಿಸತೊಡಗಿದಳು. ಜಗಳ ಅದರಿಂದೇನೂ ನಿಲ್ಲಲಿಲ್ಲ ಮಕ್ಕಳೇ, ಸುಳ್ಳು ಹೇಳಬಾರದು. ಮಳೆ ಬರುವವರೆಗೂ ಮೂಡಣದವರೂ ಪಡುವಣದವರೂ ಹೊಡೆದಾಡಿದರು. ಕೆರೆ ಬತ್ತಿ ಏಡಿಯೂ ಹೋಯಿತು, ಮೀನೂ ಹೋಯಿತು. ನೀರುನಾಯಿಯೂ ಹದ್ದೂ ಬೇರೆ ಕೆರೆ ಹುಡುಕಿಕೊಂಡು ಹೋದವು.

ಸಭೆಯ ನಡಾವಳಿಯನ್ನು ಕಡವೆರಾಯರು ಇಪ್ಪೆ ಮರದ ತೊಗಟೆಯ ಮೇಲೆ ಕೊಂಬಿನಿಂದ ಕೆತ್ತುತ್ತಿದ್ದರು. ಒಂದು ದಿನ ಅವರು ಹೊಂಡದ ಬಳಿ ಬಂದರು. ನೀಲವ್ವ ಮುರಿದ ರೆಕ್ಕೆಯನ್ನು ಮೈಗೊತ್ತಿಕೊಂಡು ಕೆಸರು ಕೆದಕುತ್ತಿದ್ದಳು.

"ನೀಲವ್ವ, ಸಭೆಯ ಒಮ್ಮತದ ನಿರ್ಣಯದ ಫಲವಾಗಿ ಮೂವತ್ತೊಂದು ಮರಿಗಳು ಉಳಿದವು ಎಂದು ಕೆತ್ತುತ್ತಿದ್ದೇನೆ. ಸಂಖ್ಯೆ ಸರಿಯಿದೆಯೇ?"

"ಸಂಖ್ಯೆ ಸರಿಯಿದೆ ರಾಯರೇ. ಮೂವತ್ತೊಂದು. ಅದರ ಕೆಳಗೆ ಹನ್ನೆರಡು ಎಂದೂ ಕೆತ್ತಿ."

"ಹನ್ನೆರಡು ಯಾವುದು?"

"ನೀವು ಎಲೆ ಇಡುತ್ತಿದ್ದಾಗ ಹೋದವು. ಅವುಗಳಲ್ಲಿ ಎರಡು ನನ್ನವು."

ಕಡವೆರಾಯರು ಅದನ್ನು ಕೆತ್ತಿದರೋ ಇಲ್ಲವೋ ತಿಳಿಯದು. ನೀಲವ್ವ ಉತ್ತರಕ್ಕೆ ಕಾಯಲಿಲ್ಲ. ಮೂರು ಮರಿಗಳಿಗೆ ಹಸಿವಾಗಿತ್ತು, ಅವಳು ಕೊಕ್ಕಿನಲ್ಲಿ ಪಾಚಿ ಹಿಡಿದು ಅತ್ತ ಈಜಿದಳು.

ನೀತಿ: ಪ್ರಾಣ ಹೋಗುತ್ತಿರುವಲ್ಲಿ ಕೈಲಾಗುವ ಸಹಾಯ ಮಾಡಲು ಎಲ್ಲರ ಒಪ್ಪಿಗೆಗೆ ಕಾಯುತ್ತ ಕೂತವನಿಗೂ, ಬೇಡ ಎಂದವನಿಗೂ, ಸಾಯುವವರ ಪಾಲಿಗೆ ವ್ಯತ್ಯಾಸವಿಲ್ಲ.